ಅಪ್ಪನ ರೇನ್‌ಕೋಟು ಬಿಡದ ಮಗ

ಪ್ರಶ್ನೆ: ನಾನು ಸೊಲ್ಲಾಪುರದ ಕನ್ನಡತಿ, ಬ್ಯಾಂಕ್ ಉದ್ಯೋಗಿ. ಪತಿ ತೀರಿಕೊಂಡು ವರ್ಷ ತುಂಬುವ ಮೊದಲೇ ಕೊಂಕಣದ ಚಿಪ್ಳೂಣಕ್ಕೆ ವರ್ಗವಾಯಿತು. 11 ವರ್ಷದ ಮಗ ಇಲ್ಲಿ ಯಾರೊಂದಿಗೂ ಬೆರೆಯುವುದಿಲ್ಲ. ಹೊಸ ರೇನ್‌ಕೋಟು ಕೊಡಿಸಿದರೂ ಅಪ್ಪನದನ್ನೇ ತೊಡುತ್ತಾನೆ, ಶಾಲೆಯಲ್ಲಿ ನಗುತ್ತಾರೆ. ಮೊನ್ನೆ ಮರಾಠಿಯ ‘ಕಿಲ್ಲಾ’ ಸಿನಿಮಾ ನೋಡುವಾಗ ಕೋಟೆಯ ದೃಶ್ಯ ಬಂದೊಡನೆ ಎದ್ದುಹೋದ. ಅವನನ್ನು ಸೊಲ್ಲಾಪುರದಲ್ಲಿ ಅಜ್ಜ-ಅಜ್ಜಿಯ ಬಳಿ ಬಿಡಲೇ?

ಉತ್ತರ: ಬೇಡ ತಾಯಿ, ಈಗಲೇ ಬಿಡಬೇಡಿ.

ಅವನು ಏಕೆ ಎದ್ದುಹೋದನೆಂದು ಊಹಿಸಬಲ್ಲೆ. ಆ ಚಿತ್ರದ ಚಿನ್ಮಯನೂ 11 ವರ್ಷದವನು, ತಂದೆಯನ್ನು ಕಳೆದುಕೊಂಡವನು. ಅಮ್ಮನ ವರ್ಗಾವಣೆಯಿಂದಾಗಿ ಪುಣೆ ಬಿಟ್ಟು ಕೊಂಕಣದ ಸಣ್ಣ ಊರಿಗೆ ಬಂದಿದ್ದಾನೆ. ಗೆಳೆಯರೊಡನೆ ಸೈಕಲ್ ತುಳಿದು ಕೋಟೆಗೆ ಹೋದರೆ, ಸುರಿವ ಮಳೆಯಲ್ಲಿ ಅವನೊಬ್ಬನೇ ಉಳಿಯುತ್ತಾನೆ. ಹುಡುಕಿದರೆ ಯಾರೂ ಇಲ್ಲ. ನಿಮ್ಮ ಮಗನ ಪಾಲಿಗೆ ಅಪ್ಪ ಹೋದದ್ದೂ ಹಾಗೆಯೇ, ಹೇಳದೆ ಕೇಳದೆ. ನೀವೂ ಅವನನ್ನು ಬಿಟ್ಟು ಬಂದರೆ ಅವನ ಲೆಕ್ಕದಲ್ಲಿ ಅದು ಎರಡನೆಯ ಬಾರಿ. ಅಜ್ಜ-ಅಜ್ಜಿಯ ಪ್ರೀತಿ ದೊಡ್ಡದೇ. ಅದನ್ನು ದೀಪಾವಳಿಯ ರಜೆಗೆ ಇಟ್ಟುಕೊಳ್ಳಿ.

ಛಾಯಾಗ್ರಾಹಕರೂ ಆದ ನಿರ್ದೇಶಕ ಅವಿನಾಶ್ ಅರುಣ್ ಆ ಹುಡುಗನ ದುಃಖವನ್ನು ಮಾತಿನಲ್ಲಿ ಹೇಳಿಸಲಿಲ್ಲ. ಮಳೆ, ಕಡಲು, ಪಾಚಿಗಟ್ಟಿದ ಗೋಡೆಗಳಿಗೆ ಒಪ್ಪಿಸಿದರು. 2014ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಆ ಚಿತ್ರಕ್ಕೆ ಕ್ರಿಸ್ಟಲ್ ಬೇರ್ ಪ್ರಶಸ್ತಿ ಕೊಟ್ಟ ತೀರ್ಪುಗಾರರು ಮಕ್ಕಳೇ. ಭಾಷೆ ಬಾರದ ಮಕ್ಕಳಿಗೂ ಅದು ತಾಗಿತು. ನಿಮ್ಮ ಮಗನಿಗೆ ತಾಗದಿರುತ್ತದೆಯೇ?

ರೇನ್‌ಕೋಟಿನ ಮಾತಿಗೆ ಬರುತ್ತೇನೆ. ಅದನ್ನು ಬಿಡಿಸುವ ಹಟ ಬೇಡ. ಬೆಳಿಗ್ಗೆ ನೀವೇ ಅದರ ತೋಳನ್ನು ಎರಡು ಮಡಿಕೆ ಮಡಿಸಿ ಕೊಡಿ. ಗುಂಡಿ ಹಾಕುತ್ತಾ, ‘ನಿನ್ನ ಅಪ್ಪ ಇದನ್ನು ತೊಟ್ಟರೂ ನೆನೆದೇ ಬರುತ್ತಿದ್ದರು’ ಎಂಬಂತಹ ಒಂದು ನಿಜವಾದ ನೆನಪು ಹೇಳಿ. ಅವನೆದುರು ಅಳಬಾರದೆಂದು ನೀವು ಬಾಯಿ ಕಟ್ಟಿಕೊಂಡಿರಬಹುದು. ಹಾಗಿದ್ದರೆ, ಈ ಮನೆಯಲ್ಲಿ ಅಪ್ಪನ ಹೆಸರು ಎತ್ತಬಾರದೆಂದು ಅವನು ತಿಳಿದಿರುತ್ತಾನೆ. ನಿಮ್ಮ ಕಣ್ಣಲ್ಲಿ ನೀರು ಬಂದರೆ ಬರಲಿ.

ತರಗತಿಯ ಶಿಕ್ಷಕರನ್ನು ಕಂಡು ವಿಷಯ ತಿಳಿಸಿ. ನಗುವ ಮಕ್ಕಳನ್ನು ಅವರು ನೋಡಿಕೊಳ್ಳಲಿ. ಊಟ, ನಿದ್ದೆ ಕೆಟ್ಟು ವಾರಗಳೇ ಕಳೆದರೆ, ಶಾಲೆಗೆ ಹೋಗಲೊಲ್ಲೆ ಎಂದರೆ, ಮಕ್ಕಳ ಆಪ್ತಸಮಾಲೋಚಕರನ್ನು ಕಾಣಲು ತಡಮಾಡಬೇಡಿ. ಮತ್ತೆ ವರ್ಗವಾಗುವ ಸುಳಿವು ಸಿಕ್ಕರೆ ಮೊದಲು ಅವನಿಗೇ ಹೇಳಿ.

ಸಿನಿಮಾದ ಉಳಿದ ಭಾಗವನ್ನು ನೋಡೆಂದು ಒತ್ತಾಯಿಸಬೇಡಿ. ಅವನೇ ಕೇಳಿದ ದಿನ ಹಾಕಿ, ಪಕ್ಕದಲ್ಲಿ ಕುಳಿತುಕೊಳ್ಳಿ.