ಸಹಿ ಕತ್ತರಿಸಿದ ಅಭಿಮನ್ಯು

ಕುಂದಾಪುರ ಕಡೆಯ ಓದುಗರೊಬ್ಬರ ಪತ್ರ: "ಟ್ಯಾಬ್‌ನಲ್ಲಿ ಚಿತ್ರ ಬರೆಯುತ್ತೇನೆ. ಹೋಟೆಲ್ಲಿನವರೊಬ್ಬರು ಗೋಡೆಗೆ ಬೇಕು ಅಂತ ಯಕ್ಷಗಾನದ ಅಭಿಮನ್ಯು ಬರೆಸಿಕೊಂಡು 3,000 ರೂಪಾಯಿ ಕೊಟ್ಟರು. ಈಗ ಅದೇ ಚಿತ್ರ ಅವರ ಪಾರ್ಸೆಲ್ ಡಬ್ಬಿ, ಟೀ ಶರ್ಟ್ ಮೇಲೆಲ್ಲ ಇದೆ. ಮೂಲೆಯಲ್ಲಿದ್ದ ನನ್ನ ಸಹಿ ಮಾತ್ರ ಇಲ್ಲ. ಕೇಳಿದರೆ, ದುಡ್ಡು ಕೊಟ್ಟಾಯ್ತಲ್ಲ ಅಂತಾರೆ. ನಾನು ಕಾಪಿರೈಟ್ ನೋಂದಣಿ ಮಾಡಿಸಿರಲಿಲ್ಲ. ತಪ್ಪು ನನ್ನದೇನಾ? ಅಂದ ಹಾಗೆ, ಭಂಗಿಯನ್ನು ಫೇಸ್‌ಬುಕ್‌ನಲ್ಲಿ ಸಿಕ್ಕ ಫೋಟೊ ನೋಡಿ ಬರೆದದ್ದು."

ಮೊದಲು ನೋಂದಣಿಯ ಚಿಂತೆ ಬಿಡಿ ತಂಗಿ. ನೀವು ಚಿತ್ರ ಬರೆದು ಮುಗಿಸಿದಾಗಲೇ ಅದಕ್ಕೆ ಕಾಪಿರೈಟ್ ಹುಟ್ಟಿತು. ನೋಂದಣಿಗೆ ಒಂದು ಕಲಾಕೃತಿಗೆ 500 ರೂಪಾಯಿ ಶುಲ್ಕ. ಮಾಡಿಸಿದರೆ ಸಾಕ್ಷಿಗೆ ಒಳ್ಳೆಯದು, ಮಾಡಿಸದಿದ್ದರೆ ಹಕ್ಕೇನೂ ಹೋಗುವುದಿಲ್ಲ. ಲೇಯರ್‌ಗಳಿರುವ ಮೂಲ ಫೈಲ್, ವಾಟ್ಸಾಪ್ ಮಾತುಕತೆ, ದುಡ್ಡು ಬಂದ ದಿನಾಂಕ, ಯಾವುದನ್ನೂ ಅಳಿಸಬೇಡಿ.

ಹೋಟೆಲ್ಲಿನವರ ಮಾತಿನಲ್ಲೂ ಸ್ವಲ್ಪ ಹುರುಳಿದೆ, ಇಲ್ಲ ಅನ್ನುವುದಿಲ್ಲ. ದುಡ್ಡು ಕೊಟ್ಟು ಪೇಂಟಿಂಗ್ ಅಥವಾ ಭಾವಚಿತ್ರ ಬರೆಸಿಕೊಂಡರೆ, ಬೇರೆ ಒಪ್ಪಂದ ಇಲ್ಲದಿದ್ದಾಗ, ಬರೆಸಿದವರೇ ಹಕ್ಕಿನ ಮೊದಲ ಒಡೆಯರು ಅಂತ 1957ರ ಕಾಪಿರೈಟ್ ಕಾಯ್ದೆಯ 17ನೇ ಸೆಕ್ಷನ್ ಹೇಳುತ್ತದೆ. ಟ್ಯಾಬ್‌ನಲ್ಲಿ ಬರೆದದ್ದೂ ಪೇಂಟಿಂಗೇ ಅಂತ ಅವರ ವಕೀಲರು ವಾದಿಸಬಹುದು. ‘ಗೋಡೆಗೆ ಮಾತ್ರ, ಬೇರೆ ಕಡೆ ಹಾಕುವುದಾದರೆ ಬೇರೆ ದುಡ್ಡು’ ಅಂತ ನೀವು ಮೊದಲೇ ಒಂದು ಸಾಲು ಬರೆದು ಸಹಿ ಹಾಕಿಸಿಕೊಂಡಿದ್ದರೆ ಈ ಜಗಳವೇ ಇರುತ್ತಿರಲಿಲ್ಲ. ಇನ್ನು ಮುಂದೆ ಅದಿಲ್ಲದೆ ಪೆನ್ ಎತ್ತಬೇಡಿ. ಹಕ್ಕನ್ನೇ ಬರೆದುಕೊಡಿ ಅಂತ ಯಾರಾದರೂ ಕೇಳಿದರೆ ಎಷ್ಟು ವರ್ಷಕ್ಕೆ, ಎಲ್ಲೆಲ್ಲಿಗೆ ಅನ್ನುವುದೂ ಆ ಕಾಗದದಲ್ಲಿರಲಿ. ವರ್ಷ ಬರೆಯದಿದ್ದರೆ ಐದು ವರ್ಷ ಅಂತ ಕಾಯ್ದೆಯೇ ಲೆಕ್ಕ ಹಿಡಿಯುತ್ತದೆ.

ಆದರೆ ಸಹಿ? ಅದನ್ನು ಕತ್ತರಿಸುವ ಹಕ್ಕು 3,000ಕ್ಕೂ ಬರುವುದಿಲ್ಲ, 3 ಲಕ್ಷಕ್ಕೂ ಬರುವುದಿಲ್ಲ. ಕಾಪಿರೈಟ್ ಮಾರಿದ ಮೇಲೂ ‘ಇದು ನನ್ನ ಕೆಲಸ’ ಅನ್ನುವ ಹಕ್ಕು ಬರೆದವರ ಹತ್ತಿರವೇ ಉಳಿಯುತ್ತದೆ. ಮರ್ಯಾದೆಗೆ ಕುಂದು ಬರುವ ಹಾಗೆ ಕೃತಿಯನ್ನು ವಿರೂಪ ಮಾಡಿದರೆ ತಡೆಯುವ ಹಕ್ಕೂ ಅಷ್ಟೇ. ಇದು 57ನೇ ಸೆಕ್ಷನ್. ದೆಹಲಿಯ ವಿಜ್ಞಾನ ಭವನದಲ್ಲಿ ಶಿಲ್ಪಿ ಅಮರನಾಥ ಸೆಹಗಲ್ ಮಾಡಿದ್ದ ದೊಡ್ಡ ಕಂಚಿನ ಭಿತ್ತಿಶಿಲ್ಪ ಇತ್ತು. ಮಾಡಿಸಿದ್ದು ಸರ್ಕಾರ, ದುಡ್ಡು ಕೊಟ್ಟದ್ದೂ ಸರ್ಕಾರ. 1979ರಲ್ಲಿ ಅದನ್ನು ಕಿತ್ತು ಉಗ್ರಾಣಕ್ಕೆ ಹಾಕಿದರು, ತುಂಡುಗಳು ಹಾಳಾದವು. ಸೆಹಗಲ್ ಸುಮ್ನೆ ಕೂರಲಿಲ್ಲ, ಕೋರ್ಟಿಗೆ ಹೋದರು. 2005ರಲ್ಲಿ ದೆಹಲಿ ಹೈಕೋರ್ಟ್ ಉಳಿದ ತುಂಡುಗಳನ್ನು ಅವರಿಗೆ ವಾಪಸ್ ಕೊಡಿ, ಜೊತೆಗೆ 5 ಲಕ್ಷ ಪರಿಹಾರ ಕೊಡಿ ಅಂತು. ಸರ್ಕಾರಕ್ಕೇ ಇಲ್ಲದ ಹಕ್ಕು ನಿಮ್ಮೂರಿನ ಹೋಟೆಲ್ಲಿಗೆ ಎಲ್ಲಿಂದ ಬಂತು?

ಈ ವಿಷಯದಲ್ಲಿ ನನಗೆ ಯಾಕಿಷ್ಟು ಆವೇಶ ಅಂದರೆ, ಇಂಥ ತಪ್ಪು ನಾನೂ ಮಾಡಿದ್ದೇನೆ. ಮೂವತ್ತು ವರ್ಷದ ಹಿಂದೆ, ಬೇರೊಂದು ಪತ್ರಿಕೆಯಲ್ಲಿ, ಕಥೆಯೊಂದರ ಚಿತ್ರ ಕಾಲಂಗೆ ಹಿಡಿಸಲಿಲ್ಲ ಅಂತ ಬಲಗಡೆ ಅಂಚು ಕತ್ತರಿಸಿದೆ. ಸಹಿ ಇದ್ದದ್ದು ಅಲ್ಲೇ. ಕಲಾವಿದರು ಎರಡು ಬಸ್ಸು ಬದಲಿಸಿ ಬಂದರು. ಜಗಳ ಮಾಡಲಿಲ್ಲ. ಪುಟ ತೆಗೆದು ಆ ಜಾಗದ ಮೇಲೆ ಬೆರಳಿಟ್ಟು, "ಇಲ್ಲಿ ನಾನಿದ್ದೆ" ಅಂದರು. ಸಂಭಾವನೆಯ ಮಾತು ಅವರ ಬಾಯಿಂದ ಬರಲೇ ಇಲ್ಲ.

ನಮ್ಮಲ್ಲಿ ಇದು ಎಲ್ಲ ಕಡೆ ಇರುವ ರೋಗ. ರಾಜ್ಯೋತ್ಸವದ ಫ್ಲೆಕ್ಸ್‌ಗೆ ಚದರ ಅಡಿ ಲೆಕ್ಕದಲ್ಲಿ ಪ್ರಿಂಟಿಂಗ್ ದುಡ್ಡು ಎಣಿಸಿ ಕೊಡುತ್ತೇವೆ. ಭುವನೇಶ್ವರಿಯ ಚಿತ್ರವನ್ನು ಮಾತ್ರ ಗೂಗಲ್‌ನಿಂದ ಇಳಿಸಿಕೊಳ್ಳುತ್ತೇವೆ. ಕೇಳಿದರೆ ‘ನಿಮಗೇ ಪ್ರಚಾರ ಅಲ್ವಾ’ ಅಂತಾರೆ. ಹೆಸರೇ ಹಾಕದ ಮೇಲೆ ಪ್ರಚಾರ ಯಾರಿಗೆ? ಚಿತ್ರಕಲಾವಿದ ಕೆ.ಕೆ. ಹೆಬ್ಬಾರರನ್ನೇ ತೆಗೆದುಕೊಳ್ಳಿ, ಅವರು ತೀರಿಕೊಂಡದ್ದು 1996ರಲ್ಲಿ. ಕಲಾವಿದರು ಹೋದ ಮೇಲೂ 60 ವರ್ಷ ಕಾಪಿರೈಟ್ ಇರುತ್ತದೆ, ಅಂದರೆ ಅವರ ಚಿತ್ರಗಳಿಗೆ 2056ರ ಕೊನೆಯವರೆಗೂ. ಇಂಥ ಸಣ್ಣ ಲೆಕ್ಕವನ್ನಾದರೂ ನಮ್ಮ ಶಾಲೆಯ ಡ್ರಾಯಿಂಗ್ ಕ್ಲಾಸಿನಲ್ಲಿ ಯಾಕೆ ಹೇಳಿಕೊಡುವುದಿಲ್ಲ? ಆ ಪೀರಿಯಡ್ಡನ್ನೇ ಗಣಿತಕ್ಕೆ ಕೊಟ್ಟುಬಿಡುತ್ತಾರೆ, ಅದು ಬೇರೆ ಮಾತು.

ಇನ್ನು ನಿಮ್ಮ ಪತ್ರದ ಕೊನೆಯ ಸಾಲು. ಅದನ್ನು ‘ಅಂದ ಹಾಗೆ’ ಅಂತ ಹಗುರವಾಗಿ ಬರೆದಿದ್ದೀರಿ, ನನಗೆ ಅದೇ ಬೇಜಾರಾಯಿತು. ಅಭಿಮನ್ಯುವಿನ ತಲೆಗೆ ಕಟ್ಟುವ ಕೇದಗೆ ಮುಂದಲೆ ಯಾರಪ್ಪನ ಆಸ್ತಿಯೂ ಅಲ್ಲ, ಆ ವೇಷವನ್ನು ಯಾರು ಬೇಕಾದರೂ ಬರೆಯಬಹುದು. ಆದರೆ ಆ ಒಂದು ಫೋಟೊ? ಅಭಿಮನ್ಯು ತಿರುಗಿದ ಆ ಕ್ಷಣಕ್ಕಾಗಿ ಯಾರೋ ರಾತ್ರಿಯಿಡೀ ರಂಗಸ್ಥಳದ ಮುಂದೆ ಕ್ಯಾಮೆರಾ ಹಿಡಿದು ಕಾದಿದ್ದಾರೆ. ನೋಡಿ ಕಲಿಯುವುದು ತಪ್ಪಲ್ಲ. ಹಾಗೇ ಇಳಿಸಿ ಮಾರುವುದಕ್ಕೆ ಮಾತ್ರ ಅವರ ಒಪ್ಪಿಗೆ ಬೇಕು. ಆ ಫೋಟೊದ ಮೂಲೆಯಲ್ಲೂ ಒಂದು ಹೆಸರು ಇದ್ದಿರಬಹುದಲ್ಲ, ನೋಡಿದ್ದಿರಾ?

ಹೋಟೆಲ್ಲಿಗೆ ಕಾಗದ ಬರೆಯಿರಿ. ಸಹಿ ವಾಪಸ್ ಹಾಕಿ, ಡಬ್ಬಿ ಮತ್ತು ಟೀ ಶರ್ಟಿನ ಬಗ್ಗೆ ಕೂತು ಮಾತಾಡೋಣ ಅಂತ ಮರ್ಯಾದೆಯಿಂದಲೇ ಕೇಳಿ. ಆದರೆ ಅದಕ್ಕೂ ಮೊದಲು ಆ ಫೋಟೊ ತೆಗೆದವರನ್ನು ಹುಡುಕಿ ಮಾತಾಡಿ. ಅವರು ಒಪ್ಪಿದರೆ ಚಿತ್ರದ ಕೆಳಗೆ ಎರಡು ಹೆಸರು ಬರಲಿ.