ಓದುಗರ ಪ್ರಶ್ನೆ, ನಮ್ಮ ಉತ್ತರ: ಬೆಂಗಳೂರಿನಿಂದ ಒಂದೇ ದಿನದ ಕಾಡಿನ ಪ್ರವಾಸ

ಬೇಸಿಗೆ ರಜೆ ಹತ್ತಿರವಾಗುತ್ತಿದ್ದಂತೆ ಕಾಡಿನ ಪ್ರವಾಸವನ್ನು ಕುರಿತ ಪತ್ರಗಳು ಹೆಚ್ಚಾಗಿವೆ. ಒಂದೇ ಬಗೆಯ ಪ್ರಶ್ನೆಗಳನ್ನು ಒಟ್ಟುಗೂಡಿಸಿ, ಆಯ್ದ ಕೆಲವಕ್ಕೆ ಇಲ್ಲಿ ಉತ್ತರಿಸಲಾಗಿದೆ.

ಪ್ರಶ್ನೆ: ಎಪ್ಪತ್ತು ದಾಟಿದ ತಾಯಿ, ಆರು ಮತ್ತು ಹನ್ನೊಂದು ವರ್ಷದ ಇಬ್ಬರು ಮಕ್ಕಳೊಂದಿಗೆ ಬಂಡೀಪುರಕ್ಕಾಗಲಿ ನಾಗರಹೊಳೆಗಾಗಲಿ ಹೋಗಿ, ಅದೇ ರಾತ್ರಿ ಮನೆಗೆ ಮರಳಬೇಕೆಂದಿದ್ದೇವೆ. ಬೆಳಗಿನ ಸಫಾರಿಯೇ ಉತ್ತಮ ಎನ್ನುತ್ತಾರೆ. ಇದು ಸಾಧ್ಯವೇ?
— ಒಬ್ಬ ಓದುಗರು, ಬಸವನಗುಡಿ

ಉತ್ತರ: ಹೋಗಿ ಬರುವುದು ಸಾಧ್ಯ, ಆದರೆ ಬೆಳಗಿನ ಸಫಾರಿಯ ಆಸೆಯನ್ನು ಬಿಟ್ಟುಬಿಡಿ. ಅದು ಹೊತ್ತು ಮೂಡುವ ವೇಳೆಗೇ ಹೊರಡುತ್ತದೆ. ಬಂಡೀಪುರ ಬೆಂಗಳೂರಿನಿಂದ ಸುಮಾರು 220 ಕಿ.ಮೀ. ದೂರದಲ್ಲಿರುವುದರಿಂದ, ಅದನ್ನು ಹಿಡಿಯಬೇಕಾದರೆ ನೀವು ನಡುರಾತ್ರಿಯಲ್ಲಿ ಮನೆ ಬಿಡಬೇಕಾಗುತ್ತದೆ. ಮಕ್ಕಳು ಜೀಪಿನಲ್ಲಿ ತೂಕಡಿಸುತ್ತಾರೆ, ಹಿಂದಿರುಗುವಾಗ ವಾಹನ ಓಡಿಸುವವರೂ ತೂಕಡಿಸುತ್ತಾರೆ, ಅಪಾಯವಿರುವುದು ಈ ಎರಡನೆಯದರಲ್ಲಿ. ಒಂದೇ ದಿನದಲ್ಲಿ ಮುಗಿಸಬೇಕೆನ್ನುವವರಿಗೆ ಮಧ್ಯಾಹ್ನದ ನಂತರದ ಸಫಾರಿಯೊಂದೇ ವಿವೇಕದ ಆಯ್ಕೆ. ಬಿಸಿಲು ಇಳಿಯುತ್ತಿದ್ದಂತೆ ಪ್ರಾಣಿಗಳು ನೀರಿಗೂ ಮೇವಿಗೂ ಹೊರಬರುವುದರಿಂದ, ಸಂಜೆಯ ಸಫಾರಿಯಲ್ಲಿ ಏನೋ ಕಳೆದುಕೊಂಡೆವೆಂಬ ಕೊರಗು ಬೇಡ.

ಎರಡು ಕಾಡುಗಳಲ್ಲಿ ಬಂಡೀಪುರವನ್ನೇ ಆರಿಸಿಕೊಳ್ಳಿ ಎಂಬುದು ನನ್ನ ಸಲಹೆ. ಕಾಡಿನ ಸೊಬಗಿನಲ್ಲಿ ನಾಗರಹೊಳೆ ಒಂದು ಕೈ ಮೇಲೆಂದೇ ನಾನು ಭಾವಿಸುತ್ತೇನೆ. ಆದರೆ ಹುಣಸೂರಿನ ಕಡೆಯ ವೀರನಹೊಸಹಳ್ಳಿಯಿಂದ ಹೋದರೂ, ಎಚ್.ಡಿ. ಕೋಟೆಯ ಮೂಲಕ ಕಬಿನಿ ಹಿನ್ನೀರಿನ ಕಡೆಗೆ ಹೋದರೂ, ಅಲ್ಲಿ ಒಂದು ರಾತ್ರಿ ತಂಗದಿದ್ದರೆ ದಿನವೆಲ್ಲ ಪ್ರಯಾಣದಲ್ಲೇ ಕಳೆದುಹೋಗುತ್ತದೆ. ಬಂಡೀಪುರದ ಸಫಾರಿ ಕೇಂದ್ರವಾದರೋ ಗುಂಡ್ಲುಪೇಟೆ–ಊಟಿ ಹೆದ್ದಾರಿಯ ಪಕ್ಕದಲ್ಲೇ, ಕಾಡಿನ ಅಂಚಿನ ಮೇಲುಕಾಮನಹಳ್ಳಿಯಲ್ಲಿದೆ. ಈ ಹೆದ್ದಾರಿಯ ಕಾಡಿನೊಳಗಿನ ಭಾಗದಲ್ಲಿ 2009ರಿಂದ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರ ನಿಷೇಧವಿದೆ. ಸಫಾರಿ ಮುಗಿಸಿ ಗುಂಡ್ಲುಪೇಟೆಯ ಕಡೆಗೆ ತಿರುಗುವ ನಿಮಗೆ ಇದರಿಂದ ತೊಂದರೆಯಿಲ್ಲ. ಹೇಗೂ ಬಂದಿದ್ದೇವೆ, ಊಟಿಯನ್ನೂ ನೋಡಿಬಿಡೋಣ ಎಂದು ಮುಂದೆ ಹೋದವರು ಮಾತ್ರ ರಾತ್ರಿ ಆ ಕಡೆಯೇ ಉಳಿಯಬೇಕಾದೀತು.

ಬೆಳಿಗ್ಗೆ ಐದರ ಸುಮಾರಿಗೆ ಹೊರಟರೆ ಹೆಚ್ಚು ಆತುರವಿಲ್ಲದೆ ಸಾಗಬಹುದು. ಮೈಸೂರು ದಾಟಿ, ನಂಜನಗೂಡಿನಲ್ಲಿ ತಾಯಿಯವರಿಗೆ ಶ್ರೀಕಂಠೇಶ್ವರನ ದರ್ಶನ ಮಾಡಿಸಿಯೂ ಗುಂಡ್ಲುಪೇಟೆಗೆ ಮಧ್ಯಾಹ್ನಕ್ಕೆ ಮೊದಲೇ ತಲುಪುತ್ತೀರಿ. ಸಮಯ ಉಳಿದರೆ ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ಹೋಗಬಹುದು. 1,454 ಮೀಟರ್ ಎತ್ತರದ ಆ ಬೆಟ್ಟವೂ ಹುಲಿ ಸಂರಕ್ಷಿತ ಪ್ರದೇಶದ ಒಳಗೇ ಇದೆ. ಖಾಸಗಿ ವಾಹನಗಳನ್ನು ಬುಡದಲ್ಲೇ ನಿಲ್ಲಿಸಿ ಸಾರಿಗೆ ಸಂಸ್ಥೆಯ ಬಸ್ಸಿನಲ್ಲಿ ಮೇಲೇರಬೇಕು. ನಂಜನಗೂಡು ಮತ್ತು ಬೆಟ್ಟ ಎರಡನ್ನೂ ಒಂದೇ ದಿನಕ್ಕೆ ತುರುಕಿದರೆ ಸಫಾರಿಯ ಹೊತ್ತಿಗೆ ಎಲ್ಲರೂ ದಣಿದಿರುತ್ತಾರೆ, ಆದ್ದರಿಂದ ಒಂದನ್ನು ಬಿಡಿ.

ಸಫಾರಿಗೆ ಬಸ್ಸೂ ಇದೆ, ಜೀಪೂ ಇದೆ. ಜೀಪು ಕಾಡಿಗೆ ಹೆಚ್ಚು ಹತ್ತಿರವೆನಿಸುತ್ತದೆ ಎಂಬುದು ನಿಜ, ಆದರೆ ಹಳ್ಳಕೊಳ್ಳದ ದಾರಿಯಲ್ಲಿ ಅದರ ಕುಲುಕಾಟ ವಯಸ್ಸಾದವರ ಸೊಂಟಕ್ಕೆ ಒಗ್ಗುವುದಿಲ್ಲ. ತಾಯಿಯವರಿಗೆ ಬೆನ್ನುನೋವಿದ್ದರೆ ಬಸ್ಸನ್ನೇ ಆರಿಸಿಕೊಂಡು, ಹಿಂದಿನ ಚಕ್ರದ ಮೇಲಿನ ಸೀಟನ್ನು ತಪ್ಪಿಸಿ ಕೂರಿಸಿ. ಒಮ್ಮೆ ಒಳಹೊಕ್ಕರೆ ಎಲ್ಲಿಯೂ ಕೆಳಗಿಳಿಯುವಂತಿಲ್ಲವಾದ್ದರಿಂದ, ಮಕ್ಕಳನ್ನು ಶೌಚಾಲಯಕ್ಕೆ ಕರೆದೊಯ್ಯುವ ಕೆಲಸವನ್ನು ಕೇಂದ್ರದಲ್ಲೇ ಮುಗಿಸಿಕೊಳ್ಳಿ.

ಹೊರಡುವ ಮೊದಲು ಸಫಾರಿ ನಡೆಯುತ್ತಿದೆಯೇ ಎಂದು ಅರಣ್ಯ ಇಲಾಖೆಯಿಂದ ಖಚಿತಪಡಿಸಿಕೊಳ್ಳುವುದು ಅಗತ್ಯ. ಕಾಡಂಚಿನ ಊರುಗಳಲ್ಲಿ ಹುಲಿ ದಾಳಿಗಳು ನಡೆದಾಗ, 2025ರ ನವೆಂಬರ್‌ನಲ್ಲಿ ಬಂಡೀಪುರ ಮತ್ತು ನಾಗರಹೊಳೆ ಎರಡರಲ್ಲೂ ಸಫಾರಿಯನ್ನು ನಿಲ್ಲಿಸಲಾಗಿತ್ತು. ಕಾಳ್ಗಿಚ್ಚಿನ ದಿನಗಳಲ್ಲೂ ಹೀಗಾಗಬಹುದು.

ಪ್ರಶ್ನೆ: ನಗರದ ಪ್ರವಾಸ ಏಜೆನ್ಸಿಯೊಂದು ‘ಹುಲಿ ದರ್ಶನ ಖಚಿತ’ ಎಂದು ಒಂದು ದಿನದ ಪ್ಯಾಕೇಜಿನ ಜಾಹೀರಾತು ನೀಡಿದೆ. ನಂಬಬಹುದೇ?
— ಒಬ್ಬ ಓದುಗರು, ಯಲಹಂಕ

ಉತ್ತರ: ಬೇಡ. 2022ರ ಗಣತಿಯ ಪ್ರಕಾರ ಬಂಡೀಪುರದಲ್ಲಿ 150, ನಾಗರಹೊಳೆಯಲ್ಲಿ 141 ಹುಲಿಗಳಿವೆ. ಕರ್ನಾಟಕದ ಒಟ್ಟು ಸಂಖ್ಯೆ 563. ಸಂಖ್ಯೆ ದೊಡ್ಡದಾಗಿ ಕಂಡರೂ ಹುಲಿ ಒಂಟಿಯಾಗಿ, ತನ್ನದೇ ಎಲ್ಲೆಯೊಳಗೆ ತಿರುಗುವ ಪ್ರಾಣಿ, ಮತ್ತು ಅದರ ಓಡಾಟದ ಬಹುಭಾಗ ನಡೆಯುವುದು ರಾತ್ರಿಯಲ್ಲಿ. ಇಡೀ ಸಂರಕ್ಷಿತ ಪ್ರದೇಶವೂ ಪ್ರವಾಸಿಗರಿಗೆ ತೆರೆದಿರುವುದಿಲ್ಲ. ರಾಷ್ಟ್ರೀಯ ಹುಲಿ ಸಂರಕ್ಷಣಾ ಪ್ರಾಧಿಕಾರದ 2012ರ ಮಾರ್ಗಸೂಚಿಯಂತೆ ಕಾಡಿನ ಒಳವಲಯದ ಶೇ 20ಕ್ಕಿಂತ ಹೆಚ್ಚು ಭಾಗವನ್ನು ಪ್ರವಾಸೋದ್ಯಮಕ್ಕೆ ಬಳಸುವಂತಿಲ್ಲ. ಉಳಿದ ಕಾಡಿನಲ್ಲಿರುವ ಹುಲಿಯನ್ನು ಯಾವ ಏಜೆನ್ಸಿಯೂ ಕರೆತಂದು ನಿಲ್ಲಿಸಲಾರದು.

ಹಣ ಕೊಡುವ ಮೊದಲು ಕೆಲವು ವಿಷಯಗಳನ್ನು ಬರಹದಲ್ಲಿ ಪಡೆಯಿರಿ. ಸಫಾರಿಯ ಶುಲ್ಕ ಪ್ಯಾಕೇಜಿನಲ್ಲಿ ಸೇರಿದೆಯೇ, ಅದು ಅರಣ್ಯ ಇಲಾಖೆಯ ಅಥವಾ ಸರ್ಕಾರಿ ಸ್ವಾಮ್ಯದ ಜಂಗಲ್ ಲಾಡ್ಜಸ್ ಅಂಡ್ ರೆಸಾರ್ಟ್ಸ್‌ನ ಸಫಾರಿಯೇ, ಟಿಕೆಟ್ ಯಾರ ಹೆಸರಿನಲ್ಲಿದೆ, ಸಫಾರಿ ರದ್ದಾದರೆ ಹಣ ಹಿಂದಿರುಗಿಸುತ್ತಾರೆಯೇ ಎಂಬುದನ್ನು ಮುಖ್ಯವಾಗಿ ಕೇಳಿ. ಖಾಸಗಿ ವಾಹನಗಳಿಗೆ ಸಫಾರಿಯ ದಾರಿಯಲ್ಲಿ ಪ್ರವೇಶವಿಲ್ಲ. ‘ನಮ್ಮದೇ ಜೀಪಿನಲ್ಲಿ ಕಾಡು ತೋರಿಸುತ್ತೇವೆ’ ಎನ್ನುವವರು ಸಾಮಾನ್ಯವಾಗಿ ತೋರಿಸುವುದು ನೀವು ನಿಮ್ಮ ಕಾರಿನಲ್ಲೇ ಹೋಗಬಹುದಾದ ಸಾರ್ವಜನಿಕ ರಸ್ತೆಯನ್ನು. ಮನೆಯಿಂದ ಮನೆಗೆ ವಾಹನ, ದಾರಿಯಲ್ಲಿ ಊಟ–ತಿಂಡಿ, ಟಿಕೆಟ್ ಕಾಯ್ದಿರಿಸುವ ತಲೆನೋವಿನಿಂದ ಬಿಡುಗಡೆ: ಇಷ್ಟಕ್ಕೆ ಏಜೆನ್ಸಿಗೆ ದುಡ್ಡು ಕೊಡುವುದರಲ್ಲಿ ತಪ್ಪೇನೂ ಇಲ್ಲ.

ಪ್ರಶ್ನೆ: ಸಫಾರಿಯಲ್ಲಿ ಗೈಡ್ ಏನು ಮಾಡುತ್ತಾರೆ? ಕಳೆದ ಬಾರಿ ಹೋದಾಗ ವಾಹನವನ್ನು ಆಗಾಗ ನಿಲ್ಲಿಸಿ ಎಲ್ಲರನ್ನೂ ಸುಮ್ಮನಿರಿಸಿ ಕುಳಿತರು; ಸಮಯ ವ್ಯರ್ಥವಾಯಿತೆಂದು ಜೊತೆಯಲ್ಲಿದ್ದವರು ಗೊಣಗಿದರು.
— ಕಾಲೇಜು ವಿದ್ಯಾರ್ಥಿನಿ, ಮಲ್ಲೇಶ್ವರ

ಉತ್ತರ: ಗೊಣಗಿದವರು ಆ ಪ್ರವಾಸದ ಬೆಲೆಬಾಳುವ ಭಾಗದ ಮೇಲೇ ಗೊಣಗಿದ್ದಾರೆ. ಎಂಜಿನ್ ಓಡುತ್ತಿರುವಾಗ ಕಾಡಿನ ಸದ್ದು ಕೇಳಿಸುವುದಿಲ್ಲ, ಮತ್ತು ಗೈಡ್ ಹುಲಿಯನ್ನು ಹುಡುಕುವುದು ಕಣ್ಣಿಗಿಂತ ಹೆಚ್ಚಾಗಿ ಕಿವಿಯಿಂದ. ಹುಲಿ ಅಥವಾ ಚಿರತೆ ಕಣ್ಣಿಗೆ ಬಿದ್ದೊಡನೆ ಜಿಂಕೆ, ಕಡವೆ, ಕಾಡುಕುರಿ, ಮುಸುವ ಇವೆಲ್ಲ ಎಚ್ಚರಿಕೆಯ ಕೂಗು ಹಾಕುತ್ತವೆ. ಅದನ್ನೇ ಗೈಡ್‌ಗಳು ‘ಕಾಲ್’ ಎನ್ನುತ್ತಾರೆ. ಎಲ್ಲ ಕೂಗಿಗೂ ಒಂದೇ ಬೆಲೆಯಿಲ್ಲ. ಜಿಂಕೆ ಅಂಜುಬುರುಕ, ಕಾಡುನಾಯಿಯ ನೆರಳು ಕಂಡರೂ ಕೂಗೀತು. ಕಡವೆ ಮೇಲಿಂದ ಮೇಲೆ ಕೂಗತೊಡಗಿತೆಂದರೆ ಗೈಡ್ ನೆಟ್ಟಗೆ ಕೂರುತ್ತಾರೆ. ಮರದ ತುದಿಯಲ್ಲಿರುವ ಮುಸುವನಿಗೆ ಕೆಳಗಿನ ಪೊದೆಯೊಳಗೆ ನಡೆಯುವುದೆಲ್ಲ ಕಾಣುವುದರಿಂದ, ಅದು ಯಾವ ದಿಕ್ಕಿಗೆ ಮುಖಮಾಡಿ ಕೂಗುತ್ತಿದೆ ಎಂಬುದನ್ನು ನೋಡಿ ವಾಹನವನ್ನು ಎಲ್ಲಿ ನಿಲ್ಲಿಸಬೇಕೆಂದು ತೀರ್ಮಾನಿಸುತ್ತಾರೆ. ಕೂಗು ಒಂದು ಕಡೆಯಿಂದ ಇನ್ನೊಂದು ಕಡೆಗೆ ಸರಿದರೆ ಹುಲಿ ನಡೆಯುತ್ತಿದೆ ಎಂದೂ, ಹಠಾತ್ತನೆ ನಿಂತರೆ ಅದು ಮಲಗಿರಬಹುದು ಅಥವಾ ಮರೆಯಾಗಿರಬಹುದು ಎಂದೂ ಅವರ ಲೆಕ್ಕ.

ಇನ್ನೊಂದು ಪಾಠವಿರುವುದು ದಾರಿಯ ಧೂಳಿನಲ್ಲಿ. ಮುಂದಿನ ಬಾರಿ ಹೆಜ್ಜೆಗುರುತು ತೋರಿಸಿದಾಗ, ಅದು ಜೀಪಿನ ಟಯರಿನ ಗುರುತಿನ ಮೇಲಿದೆಯೋ ಕೆಳಗಿದೆಯೋ ಎಂದು ಗಮನಿಸಿ. ಬೆಳಿಗ್ಗೆ ಹೋದ ಜೀಪಿನ ಪಟ್ಟಿಯ ಮೇಲೆ ಹೆಜ್ಜೆ ಮೂಡಿದ್ದರೆ ಹುಲಿ ಅದಾದ ಮೇಲೆ ನಡೆದಿದೆ. ಟಯರಿನ ಪಟ್ಟಿ ಹೆಜ್ಜೆಯನ್ನು ಅಳಿಸಿ ಹೋಗಿದ್ದರೆ ಆ ಸುದ್ದಿ ಹಳತಾಯಿತು. ಗುರುತಿನ ಅಂಚು ಚೂಪಾಗಿದ್ದರೆ ಹೊಸದು, ಗಾಳಿಗೆ ಅಂಚು ಕುಸಿದು ಒಣಎಲೆ ಬಿದ್ದಿದ್ದರೆ ಹಳೆಯದು. ಗಂಡಿನ ಹೆಜ್ಜೆ ಹೆಚ್ಚುಕಡಿಮೆ ಚೌಕಾಕಾರ, ಹೆಣ್ಣಿನದು ತುಸು ಉದ್ದನೆಯದು. ಹುಲಿ ಎಲ್ಲೆ ಗುರುತಿಸಲು ಮರದ ಬುಡಕ್ಕೆ ಚಿಮ್ಮಿಸಿದ ದ್ರವಕ್ಕೆ ಬಾಸ್ಮತಿ ಅನ್ನದ ಪರಿಮಳವಿರುತ್ತದೆ ಎಂಬುದನ್ನು ಕೇಳಿದವರು ನಂಬುವುದಿಲ್ಲ. ಎರಡರಲ್ಲೂ ಇರುವ ರಾಸಾಯನಿಕ ಒಂದೇ ಆಗಿರುವುದು ಅದಕ್ಕೆ ಕಾರಣ.

ಈ ಭಾಗದ ಗೈಡ್, ಚಾಲಕ ಮತ್ತು ವಾಚರ್‌ಗಳಲ್ಲಿ ಜೇನುಕುರುಬ, ಬೆಟ್ಟಕುರುಬ, ಸೋಲಿಗ ಸಮುದಾಯಗಳಿಗೆ ಸೇರಿದವರೂ ಇದ್ದಾರೆ. ‘ಹುಲಿ ಎಲ್ಲಿ?’ ಎಂಬ ಒಂದೇ ಪ್ರಶ್ನೆಯನ್ನು ದಾರಿಯುದ್ದಕ್ಕೂ ಕೇಳಿ ಅವರನ್ನು ಬೇಸರಪಡಿಸುವುದಕ್ಕಿಂತ, ಮತ್ತಿ, ಹೊನ್ನೆ, ದಿಂಡಿಗದ ಮರಗಳನ್ನು ಹೇಗೆ ಗುರುತಿಸುವುದೆಂದು ಕೇಳಿ ನೋಡಿ. ಮೊಸಳೆಯ ಬೆನ್ನಿನಂತೆ ಬಿರಿದ ಮತ್ತಿಯ ತೊಗಟೆಯನ್ನು ಒಮ್ಮೆ ನೋಡಿದವರು ಮರೆಯುವುದಿಲ್ಲ; ಅಡ್ಡಕೊಂಬೆಯ ಮೇಲೆ ಚಿರತೆ ಮಲಗಿದ್ದೀತೆಂದು ಗೈಡ್‌ಗಳು ಮೊದಲು ಕಣ್ಣು ಹಾಯಿಸುವ ಮರಗಳಲ್ಲಿ ಅದೂ ಒಂದು. ಲಂಟಾನ ಪೊದೆ ಏಕೆ ಇಷ್ಟು ಹಬ್ಬಿದೆ ಎಂದೂ ಕೇಳಿ. ಹೊರಗಿನಿಂದ ಬಂದ ಆ ಗಿಡ ಬಂಡೀಪುರದಲ್ಲಿ ಹುಲ್ಲು ಬೆಳೆಯುವ ಜಾಗವನ್ನು ಹೇಗೆ ನುಂಗಿದೆ ಎಂಬುದನ್ನು ಅವರಿಗಿಂತ ಚೆನ್ನಾಗಿ ವಿವರಿಸಬಲ್ಲವರು ಕಡಿಮೆ.

ಪ್ರಶ್ನೆ: ಯಾವ ತಿಂಗಳಲ್ಲಿ ಹೋದರೆ ಪ್ರಾಣಿಗಳು ಹೆಚ್ಚು ಕಾಣುತ್ತವೆ?
— ಒಬ್ಬ ಓದುಗರು, ವಿಜಯನಗರ

ಉತ್ತರ: ಫೆಬ್ರುವರಿಯಿಂದ ಮೇ ತಿಂಗಳವರೆಗೆ. ಇದು ಎಲೆ ಉದುರಿಸುವ ಕಾಡು; ಆಗ ಪೊದೆಗಳ ಆಚೆಗೂ ಕಣ್ಣು ಹರಿಯುತ್ತದೆ, ನೀರು ಕೆಲವೇ ಕೆರೆಗಳಲ್ಲಿ ಉಳಿಯುವುದರಿಂದ ಪ್ರಾಣಿಗಳು ಅಲ್ಲಿಗೇ ಬರುತ್ತವೆ. 1974ರಲ್ಲಿ ಕಟ್ಟಿದ ಅಣೆಕಟ್ಟೆಯ ಕಬಿನಿ ಹಿನ್ನೀರು ಬೇಸಿಗೆಯಲ್ಲಿ ಇಳಿದಾಗ, ತೆರೆದ ನೆಲದಲ್ಲಿ ಚಿಗುರುವ ಹುಲ್ಲಿಗಾಗಿ ಆನೆಗಳು ಹಿಂಡುಹಿಂಡಾಗಿ ಸೇರುವ ದೃಶ್ಯ ಏಷ್ಯಾದಲ್ಲೇ ಅಪರೂಪದ್ದು. ಕಾಡು ಹಸಿರಾಗಿರಬೇಕೆನ್ನುವವರು ಮಳೆ ಬಿದ್ದ ಮೇಲೆ ಹೋಗಲಿ, ಆದರೆ ಆಗ ಆನೆಗಳು ಚದುರಿರುತ್ತವೆ.

ಪ್ರಶ್ನೆ: ಮೊಬೈಲ್, ಕ್ಯಾಮೆರಾ, ತಿಂಡಿ ಒಯ್ಯಬಹುದೇ? ಹೆದ್ದಾರಿಯಲ್ಲಿ ಆನೆ ಕಂಡರೆ ನಿಲ್ಲಿಸಿ ಚಿತ್ರ ತೆಗೆಯಬಹುದೇ?
— ಒಬ್ಬ ಓದುಗರು, ಕೆಂಗೇರಿ

ಉತ್ತರ: ಹುಲಿ ಸಂರಕ್ಷಿತ ಪ್ರದೇಶಗಳ ಒಳವಲಯದ ಪ್ರವಾಸಿ ತಾಣಗಳಲ್ಲಿ ಮೊಬೈಲ್ ಬಳಕೆಯನ್ನು ನಿಷೇಧಿಸುವಂತೆ ಸರ್ವೋಚ್ಚ ನ್ಯಾಯಾಲಯವು 2025ರ ನವೆಂಬರ್‌ನಲ್ಲಿ ನಿರ್ದೇಶಿಸಿದೆ. ಕ್ಯಾಮೆರಾಕ್ಕೆ ಲೆನ್ಸಿನ ಗಾತ್ರ ನೋಡಿ ಪ್ರತ್ಯೇಕ ಶುಲ್ಕ ವಿಧಿಸುವ ಪದ್ಧತಿಯಿದೆ. ತಿಂಡಿ ಪೊಟ್ಟಣಗಳನ್ನು ನಿಮ್ಮ ಕಾರಿನಲ್ಲೇ ಬಿಡಿ. ಸುಗಂಧದ್ರವ್ಯ, ಕಣ್ಣು ಕುಕ್ಕುವ ಬಣ್ಣದ ಬಟ್ಟೆ ಬೇಡ. ಪ್ರಾಣಿಗಳಿಂದ ವಾಹನವನ್ನು ಕನಿಷ್ಠ 20 ಮೀಟರ್ ದೂರದಲ್ಲಿ ನಿಲ್ಲಿಸಬೇಕೆಂಬ ನಿಯಮವಿರುವುದರಿಂದ ‘ಇನ್ನಷ್ಟು ಹತ್ತಿರ ಹೋಗಿ’ ಎಂದು ಚಾಲಕನನ್ನು ಒತ್ತಾಯಿಸಬೇಡಿ.

ಹೆದ್ದಾರಿಯ ವಿಷಯದಲ್ಲಿ ಉತ್ತರ ಇನ್ನೂ ಕಟುವಾದದ್ದು: ಕಾಡಿನೊಳಗೆ ನಿಲ್ಲಿಸಲೇಬಾರದು, ಕೆಳಗಿಳಿಯಲಂತೂ ಕೂಡದು. 2025ರ ಆಗಸ್ಟ್‌ನಲ್ಲಿ ಬಂಡೀಪುರದ ಹೆದ್ದಾರಿಯಲ್ಲಿ ಆನೆಯ ಜೊತೆ ಸೆಲ್ಫಿಗೆ ಹೋದ ವ್ಯಕ್ತಿಯೊಬ್ಬರು ಅದರ ಕಾಲಿಗೆ ಸಿಕ್ಕಿ ಕೂದಲೆಳೆಯಲ್ಲಿ ಬದುಕಿದರು, ಮೇಲೆ 25,000 ರೂಪಾಯಿ ದಂಡವನ್ನೂ ತೆತ್ತರು. ಕೋತಿಗೋ ಜಿಂಕೆಗೋ ಬಿಸ್ಕತ್ತು ಎಸೆಯುವುದು ಕರುಣೆಯಂತೆ ಕಂಡರೂ ಅದೂ ಅಪರಾಧವೇ. ತಿನಿಸಿನ ಆಸೆಗೆ ರಸ್ತೆಬದಿಗೆ ಬರುವುದನ್ನು ಕಲಿತ ಪ್ರಾಣಿಗಳು ವಾಹನಕ್ಕೆ ಸಿಕ್ಕಿ ಸಾಯುತ್ತವೆ.

ಪ್ರಶ್ನೆ: ಮೂರು ವರ್ಷದ ಮಗುವಿದೆ. ಅಷ್ಟು ದೂರ ಹೋಗುವ ಬದಲು ಬನ್ನೇರುಘಟ್ಟ ಸಾಲದೇ?
— ಗೃಹಿಣಿ, ಜೆ.ಪಿ. ನಗರ

ಉತ್ತರ: ಆ ವಯಸ್ಸಿಗೆ ಬನ್ನೇರುಘಟ್ಟವೇ ಸರಿ. ಬಂಡೀಪುರದಲ್ಲಿ ಗಂಟೆಗಟ್ಟಲೆ ಸದ್ದಿಲ್ಲದೆ ಕೂರುವುದು ಮೂರು ವರ್ಷದ ಮಗುವಿಗೆ ಶಿಕ್ಷೆ, ಜೊತೆಯವರಿಗೂ ಕಿರಿಕಿರಿ. ಆದರೆ ಅಲ್ಲಿ ಕಾಣುವುದೇನೆಂಬುದು ತಿಳಿದಿರಲಿ. ಬನ್ನೇರುಘಟ್ಟ 1974ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು. ಮೃಗಾಲಯ ಮತ್ತು ಸಫಾರಿ ಇರುವ ಭಾಗವನ್ನು 2002ರಲ್ಲಿ ಜೈವಿಕ ಉದ್ಯಾನವೆಂದು ಬೇರ್ಪಡಿಸಲಾಯಿತು. ಸಫಾರಿ ಬಸ್ಸಿನಿಂದ ನೀವು ನೋಡುವ ಸಿಂಹ, ಹುಲಿಗಳು ಬೇಲಿಯೊಳಗೆ ಇಲಾಖೆಯ ಆರೈಕೆಯಲ್ಲಿರುವಂಥವು. ಸರ್ಕಸ್‌ಗಳಿಂದ ಬಿಡಿಸಿ ತಂದ ಪ್ರಾಣಿಗಳಿಗೂ ಅಲ್ಲಿ ಆಶ್ರಯ ಸಿಕ್ಕಿದೆ. ಆ ಬೇಲಿಯ ಆಚೆಗೆ ಕಾಡಾನೆಗಳು ಓಡಾಡುವ ನಿಜವಾದ ಕಾಡಿದ್ದು, ಅದು ಈ ಸಫಾರಿಯಲ್ಲಿ ಸೇರಿಲ್ಲ. ಮಗುವಿಗೆ ಚಿಟ್ಟೆ ಉದ್ಯಾನ ಹಿಡಿಸೀತು. ಮಂಗಳವಾರ ರಜೆ, ಭಾನುವಾರ ಜನಜಂಗುಳಿ ಇರುವುದರಿಂದ ಬೇರೆ ಯಾವುದಾದರೂ ದಿನ ಬೆಳಿಗ್ಗೆ ಬೇಗನೆ ಹೋಗಿ.