ನಿವೃತ್ತ ಕೊಲೆ ತನಿಖಾಧಿಕಾರಿ ಜೋ ಕೆಂಡಾ ಟಿವಿಯಲ್ಲಿ ಅಷ್ಟು ಗೆದ್ದಿದ್ದು ಹೇಗೆ?

ನಟಿಸದೇ ಇದ್ದಿದ್ದರಿಂದ. ತಾವೇ ತನಿಖೆ ಮಾಡಿದ ಕೊಲೆ ಕೇಸುಗಳನ್ನು ಸ್ಕ್ರಿಪ್ಟ್ ಇಲ್ಲದೆ, ನೆನಪಿನಿಂದಲೇ ಹೇಳಿದರು. ಜನರಿಗೆ ಹಿಡಿಸಿದ್ದು ಅದೇ.

ಕೆಂಡಾ ಅಮೆರಿಕದ ಕೊಲರಾಡೊ ಸ್ಪ್ರಿಂಗ್ಸ್ ಪೊಲೀಸ್ ಇಲಾಖೆಯಲ್ಲಿದ್ದವರು. 387 ಕೊಲೆ ಕೇಸುಗಳಲ್ಲಿ 356 ಬಗೆಹರಿದವು, ಅಂದರೆ ನೂರಕ್ಕೆ ಸುಮಾರು 92. 1996ರಲ್ಲಿ ನಿವೃತ್ತರಾದ ಮೇಲೆ ಶಾಲಾ ಬಸ್ ಓಡಿಸುತ್ತಿದ್ದರು! 2011ರಲ್ಲಿ ಇನ್ವೆಸ್ಟಿಗೇಷನ್ ಡಿಸ್ಕವರಿ ಚಾನೆಲ್‌ನಲ್ಲಿ 'ಹೋಮಿಸೈಡ್ ಹಂಟರ್' ಶುರುವಾದಾಗ ಅವರ ವಯಸ್ಸು 60 ದಾಟಿತ್ತು. ಅದು 9 ಸೀಸನ್ ನಡೆಯಿತು.

ಕಾರ್ಯಕ್ರಮದ ಕಟ್ಟೋಣ ಸರಳ. ಕೆಂಡಾ ಕುರ್ಚಿಯಲ್ಲಿ ಕೂತು ಹೇಳುತ್ತಾರೆ, ಕಾರ್ಲ್ ಮರೀನೋ ಎಂಬ ನಟ ಅವರ ಯೌವನದ ಪಾತ್ರ ಮಾಡುತ್ತಾರೆ. ಸಾಮಾನ್ಯವಾಗಿ ಇಂಥ ಕಾರ್ಯಕ್ರಮಗಳಲ್ಲಿ ಹಿನ್ನೆಲೆ ದನಿಯೊಂದು ಬೇರೆ ಯಾರದ್ದೋ ಕಥೆ ಓದುತ್ತದೆ. ಇಲ್ಲಿ ಹಾಗಲ್ಲ. ಶವದ ಮುಂದೆ ನಿಂತವರೇ, ಆರೋಪಿಯನ್ನು ಪ್ರಶ್ನಿಸಿದವರೇ ಮಾತಾಡುತ್ತಾರೆ. ಆ ಕ್ಷಣ ಯಾರ ಮೇಲೆ, ಯಾಕೆ ಅನುಮಾನ ಬಂತು ಅಂತ ಅವರಿಗೆ ಗೊತ್ತು, ಅಲ್ವಾ? ನೋಡುವವರೂ ಅವರ ಜೊತೆಗೇ ಯೋಚಿಸುತ್ತಾ ಹೋಗುತ್ತಾರೆ.

ಇನ್ನೊಂದು, ಕೋರ್ಟಿನಲ್ಲಿ ಜ್ಯೂರಿ ಮುಂದೆ, ಅಂದರೆ ತೀರ್ಪು ಕೊಡಲು ಕೂರುವ ಸಾಮಾನ್ಯ ಜನರ ಮುಂದೆ, ಸಾಕ್ಷಿ ಹೇಳುವುದು ಅಲ್ಲಿನ ಪತ್ತೇದಾರರ ಕೆಲಸದ ಭಾಗ. ಕ್ರಮವಾಗಿ, ಸುಮ್ನೆ ಬಣ್ಣ ಕಟ್ಟದೆ ಹೇಳಬೇಕು. ಆ ಅಭ್ಯಾಸವೇ ಕ್ಯಾಮೆರಾ ಮುಂದೆ ಕೈಹಿಡಿಯಿತು ಅನ್ನೋದು ನನ್ನ ಅಂದಾಜು. ಹೆಸರಲ್ಲಿ ಕೆಂಡ ಇದ್ದರೂ ಮಾತು ಮಾತ್ರ ತಣ್ಣಗೆ!